ಕಿವಿಯಿಂದ ನೋಡುವ ಕಥೆ

1976ರಲ್ಲಿ ನನಗೆ ಕಳಸಕ್ಕೆ ವರ್ಗವಾಯಿತು. ಆಗಿನ್ನೂ ಮದುವೆಯಾಗದ ಬ್ಯಾಂಕ್ ಗುಮಾಸ್ತ ನಾನು. ಹುಟ್ಟಿದ್ದು ಕಡೂರು ಕಡೆಯ ಬಯಲುಸೀಮೆಯಲ್ಲಿ. ಮಳೆ ಎಂದರೆ ಒಂದು ಗಂಟೆ ಸುರಿದು ನಿಲ್ಲುವುದು ಎಂದು ತಿಳಿದಿದ್ದ ನನಗೆ, ಜೂನ್‌ನಲ್ಲಿ ಹಿಡಿದ ಮಳೆ ಆಗಸ್ಟ್ ಬಂದರೂ ಬಿಡದಿದ್ದಾಗ ಅಳುವೇ ಬಂತು. ಸಂಜೆಯಾದರೆ ಬಾಡಿಗೆ ಕೋಣೆ, ಸೀಮೆಎಣ್ಣೆ ದೀಪ, ಹೆಂಚಿನ ಮೇಲೆ ಮಳೆಯ ಸದ್ದು. ಮಾತಾಡಲು ಯಾರೂ ಇಲ್ಲ.

ಒಂದು ಶನಿವಾರ ಕಾಫಿ ಬೆಳೆಗಾರರೊಬ್ಬರು ಕೌಂಟರಿನಲ್ಲಿ ಕೇಳಿದರು: “ರಾತ್ರಿ ನಮ್ಮನೆಯಲ್ಲಿ ತಾಳಮದ್ದಲೆ ಉಂಟು. ಬನ್ನಿ ಮಾರಾಯ್ರೆ, ಒಬ್ಬರೇ ಕೂತು ಏನು ಮಾಡ್ತೀರಿ?”

ಹೋದೆ. ಬಚ್ಚಲ ಒಲೆಯ ಮುಂದೆ ಒಬ್ಬರು ಚೆಂಡೆಯನ್ನು ಬೆಂಕಿಗೆ ಹಿಡಿದು ಕಾಯಿಸುತ್ತಿದ್ದರು. ಮಳೆಗಾಲದ ಥಂಡಿಗೆ ಚರ್ಮ ಸಡಿಲಾದರೆ ಚೆಂಡೆ ಮಾತಾಡುವುದಿಲ್ಲವಂತೆ! ಜಗಲಿಯಲ್ಲಿ ಚಾಪೆ ಹಾಸಿತ್ತು. ವೇಷವಿಲ್ಲ, ಬಣ್ಣವಿಲ್ಲ, ಕುಣಿತವಿಲ್ಲ. ಪಂಚೆ ಉಟ್ಟ ಏಳೆಂಟು ಜನ ಕುಳಿತಿದ್ದರು, ಅಷ್ಟೇ. ‘ಇದೆಂಥ ನಾಟಕ?’ ಅಂದುಕೊಂಡೆ. ಆದರೆ ಚೆಂಡೆಯ ಪೆಟ್ಟು ಬಿದ್ದೊಡನೆ ನನ್ನ ಕಣ್ಣ ಮುಂದೆ ಬಾಣಗಳು ಹಾರತೊಡಗಿದವು.

ಮಕ್ಕಳೇ, ತಾಳಮದ್ದಲೆ ಯಕ್ಷಗಾನದ ಒಡಹುಟ್ಟು. ದೀಪಾವಳಿಯ ನಂತರ ತಿರುಗಾಟಕ್ಕೆ ಹೊರಡುವ ಕರಾವಳಿಯ ಮೇಳಗಳು ಮೇ ಕೊನೆಯ ಪತ್ತನಾಜೆಯ ಹೊತ್ತಿಗೆ ಗೆಜ್ಜೆ ಬಿಚ್ಚುತ್ತವೆ. ಬಯಲಿನಲ್ಲಿ ಆಟ ಆಡಲಾಗದ ಮಳೆಗಾಲದಲ್ಲಿ ಕಥೆ ಮನೆಯೊಳಗೆ ಬರುತ್ತದೆ. ಭಾಗವತರು ಪದ್ಯ ಹಾಡುತ್ತಾರೆ. ಅವರ ಕೈಯಲ್ಲಿ ತಾಳ, ಪಕ್ಕದಲ್ಲಿ ಮದ್ದಲೆ, ಚೆಂಡೆ. ಇದು ಹಿಮ್ಮೇಳ. ಪದ್ಯ ಮುಗಿದೊಡನೆ ಅರ್ಥಧಾರಿ, ಅಂದರೆ ಪಾತ್ರ ವಹಿಸಿದವರು, ಅದರ ಅರ್ಥವನ್ನು ತಮ್ಮದೇ ಮಾತಿನಲ್ಲಿ ಬೆಳೆಸುತ್ತಾರೆ. ಪದ್ಯ ಮೊದಲೇ ಬರೆದದ್ದು. ಮಾತು ಮಾತ್ರ ಆ ಕ್ಷಣದಲ್ಲಿ ಹುಟ್ಟಿದ್ದು. ಕಾಸರಗೋಡು ಕಡೆಯ ಶೇಣಿ ಗೋಪಾಲಕೃಷ್ಣ ಭಟ್ಟರು (1918–2006) ಇದರಲ್ಲಿ ಬಹು ದೊಡ್ಡ ಹೆಸರು. ಹರಿಕಥೆಯನ್ನೂ ಮಾಡುತ್ತಿದ್ದ ಅವರ ವಾಲಿ, ರಾವಣರ ಅರ್ಥ ಕೇಳಿದವರು ಈಗಲೂ ಅದನ್ನು ನೆನೆಯುತ್ತಾರೆ.

ಮರುವರ್ಷ ನನಗೂ ಒಂದು ಪಾತ್ರ ಕೊಟ್ಟರು. ಪ್ರಸಂಗ ‘ಶರಸೇತು ಬಂಧನ’. ರಾಮ ಕಪಿಗಳಿಂದ ಕಲ್ಲು ಹೊರಿಸಿದ್ದೇಕೆ, ಬಾಣಗಳಿಂದಲೇ ಸೇತುವೆ ಕಟ್ಟಬಹುದಿತ್ತಲ್ಲ ಎಂದು ಅರ್ಜುನ ಜಂಬ ಕೊಚ್ಚುತ್ತಾನೆ. ಅಂಥ ಸೇತುವೆ ನನ್ನೊಬ್ಬನ ಭಾರವನ್ನೂ ತಡೆಯದು ಎನ್ನುತ್ತಾನೆ ಹನುಮಂತ. ಸೋತರೆ ಅರ್ಜುನ ಬೆಂಕಿಗೆ ಹಾರಬೇಕು ಎಂಬ ಪಂಥ ಬೀಳುತ್ತದೆ. ನಾನೇ ಅರ್ಜುನ! ಲೆಡ್ಜರ್ ಬರೆಯುವಷ್ಟೇ ಅಂದವಾಗಿ ನಾಲ್ಕು ಪುಟ ಅರ್ಥ ಬರೆದು ಬಾಯಿಪಾಠ ಮಾಡಿಕೊಂಡೆ.

ಮೊದಲೆರಡು ಪದ್ಯಕ್ಕೆ ಸರಾಗವಾಗಿ ಹೇಳಿದೆ. ಆಗ ಹನುಮಂತ ತಣ್ಣಗೆ ಕೇಳಿದ: “ನನ್ನ ಒಡೆಯ ಸೇತುವೆ ಕಟ್ಟಿದ್ದು ಒಂದು ಸೈನ್ಯ ದಾಟಲೆಂದು. ನಿನ್ನ ಸೇತುವೆ ಯಾರು ದಾಟಲೆಂದು, ಅರ್ಜುನ?”

ನನ್ನ ನಾಲ್ಕು ಪುಟದಲ್ಲಿ ಇದಕ್ಕೆ ಉತ್ತರ ಇರಲಿಲ್ಲ. ಬಾಯಿ ಒಣಗಿತು. ಸಭೆಯಲ್ಲಿ ನಮ್ಮ ಬ್ಯಾಂಕಿನ ಗ್ರಾಹಕರೇ ತುಂಬಿದ್ದರು. ಎದ್ದು ಓಡಿಬಿಡೋಣ ಅನ್ನಿಸಿತು. ಅಷ್ಟರಲ್ಲಿ ಭಾಗವತರು, ಏನೂ ಆಗಿಲ್ಲವೆಂಬಂತೆ, ಅದೇ ಪದ್ಯದ ಕೊನೆಯ ಸಾಲನ್ನು ಮತ್ತೆ ಎತ್ತಿಕೊಂಡರು. ರಾಗ ಎಳೆದರು, ಮದ್ದಲೆ ಮೆಲ್ಲಗೆ ಜೊತೆಗೂಡಿತು. ನನಗೆ ಉಸಿರಾಡಲು ಒಂದು ನಿಮಿಷ ಸಿಕ್ಕಿತು. ಹನುಮಂತನ ಪ್ರಶ್ನೆಯನ್ನು ಆಗಲೇ ನಾನು ನಿಜವಾಗಿ ಕೇಳಿಸಿಕೊಂಡದ್ದು. ರಾಗ ನಿಂತಿತು. “ಬೇರೆ ಯಾರೇಕೆ? ನೀನೇ ದಾಟಿ ನೋಡು!” ಅಂದೆ.

ಚೆಂಡೆ ಗುಡುಗಿತು. ಹನುಮಂತ ಸೇತುವೆಯ ಮೇಲೆ ಕಾಲಿಟ್ಟ. ಕಥೆ ಮುಂದೆ ನಡೆಯಿತು.

ಮುಗಿದ ಮೇಲೆ ಕಷಾಯ ಕುಡಿಯುತ್ತಾ ಭಾಗವತರು ಹೇಳಿದರು: “ನೀವು ಹೇಳಲಿಕ್ಕೆ ಕಲಿತು ಬಂದಿದ್ರಿ. ಇಲ್ಲಿ ಮೊದಲು ಕೇಳಲಿಕ್ಕೆ ಕಲಿಯಬೇಕು.” ಆ ಮಾತು ಕೌಂಟರಿನಲ್ಲೂ ಉಪಯೋಗಕ್ಕೆ ಬಂತು, ಸಂಸಾರದಲ್ಲೂ ಬಂತು.

ಈಗ ಮೂಡಿಗೆರೆಯಲ್ಲಿ ಮಗನ ಮನೆಯಲ್ಲಿದ್ದೇನೆ. ನನ್ನ ಬಲಗಿವಿ ಮಂದವಾಗಿದೆ, ಯಂತ್ರ ಹಾಕಿಕೊಂಡಿದ್ದೇನೆ. ಹಾಡಿನ ಮಾತುಗಳು ಎಷ್ಟೋ ಸಲ ತಪ್ಪಿಹೋಗುತ್ತವೆ. ಕಳೆದ ಆಷಾಢದಲ್ಲಿ ಆರನೇ ಕ್ಲಾಸಿನ ಮೊಮ್ಮಗಳನ್ನು ತಾಳಮದ್ದಲೆಗೆ ಕರೆದೊಯ್ದೆ. ಮೊದಲು ಆಕಳಿಸಿದಳು. ಆಮೇಲೆ ನನ್ನ ಎಡಗಿವಿಯ ಬಳಿ ಬಾಗಿ, “ಅಜ್ಜ, ಈಗ ಅವರು ಹೀಗೆ ಕೇಳಿದ್ರು” ಎಂದು ಮೆಲ್ಲಗೆ ಹೇಳತೊಡಗಿದಳು. ಕೊನೆಯವರೆಗೂ ನಿಲ್ಲಿಸಲಿಲ್ಲ. ನಾನು ಅವಳಿಗೆ ಕೇಳಿಸಲು ಹೋಗಿದ್ದೆ. ಅವಳೇ ನನಗೆ ಕೇಳಿಸಿದಳು.

ನೀವೂ ಮನೆಯಲ್ಲಿ ಮಾಡಿ ನೋಡಿ. ಕರೆಂಟು ಹೋದ ಒಂದು ಸಂಜೆ ಗೊತ್ತಿರುವ ಕಥೆಯೊಂದನ್ನು ಆರಿಸಿಕೊಳ್ಳಿ. ಒಬ್ಬರು ಮೊಲ, ಒಬ್ಬರು ಸಿಂಹ. ಅಜ್ಜಿ ಹಾಡಲಿ, ಅಜ್ಜ ಡಬ್ಬಿ ಬಡಿಯಲಿ. ಮಾತು ಬರೆದಿಟ್ಟುಕೊಳ್ಳಬೇಡಿ. ಎದುರಿನವರು ಏನು ಹೇಳಿದರೋ ಅದಕ್ಕೇ ಉತ್ತರ ಕೊಡಿ. ಯಾರಾದರೂ ತಡವರಿಸಿದರೆ ನಗಬೇಡಿ. ಹಾಡಿನ ಕೊನೆಯ ಸಾಲನ್ನು ಇನ್ನೊಮ್ಮೆ ಹಾಡಿ.