ಹಡಗು ಮುಳುಗಿದ ಮೇಲೆ

ಬೀದರ ಸೀಮೆಯ ಠಾಣಾ ಕುಶನೂರಿನಿಂದ ಯಾವ ದಿಕ್ಕಿಗೆ ಹೊರಟರೂ ಸಮುದ್ರವು ನೂರಾರು ಮೈಲಿಗಳ ದೂರದಲ್ಲಿದೆ. ಮಾಂಜ್ರಾ ನದಿಯನ್ನು ಬಿಟ್ಟರೆ ಬೇರೆ ಮಹಾಜಲವನ್ನು ಕಾಣದೆ ಬೆಳೆಯುವ ಅಲ್ಲಿನ ಬಾಲಕನಿಗೆ ನಾವಿಕವೃತ್ತಿಯು ತನಗೆ ಹೇಳಿಸಿದುದಲ್ಲವೆಂದು ತೋರಿದರೆ ಆಶ್ಚರ್ಯವಿಲ್ಲ. ಅಂಥವರಿಗಾಗಿ ನಾವು ಚಿಮನ್ ಸಿಂಗರ ವೃತ್ತಾಂತವನ್ನು ಹೇಳಬಯಸುತ್ತೇವೆ. ಇವರು 1945ರಲ್ಲಿ ಜನಿಸಿದ ರೇವಾಡಿ ಪ್ರಾಂತವು ಇಂದಿನ ಹರಿಯಾಣಕ್ಕೆ ಸೇರಿದುದು. ಕಡಲಿಗೆ ಅದು ಕುಶನೂರಿಗಿಂತಲೂ ದೂರ.

ಭಾರತೀಯ ನೌಕಾಪಡೆಯಲ್ಲಿ ಇವರು ಲೀಡಿಂಗ್ ಸೀಮನ್ ಆಗಿದ್ದರು. ಅದು ಅಧಿಕಾರಿಯ ಪದವಿಯಲ್ಲ. ಸಾಮಾನ್ಯ ನಾವಿಕನಿಗಿಂತ ಒಂದು ಮೆಟ್ಟಿಲು ಮೇಲಿನದು, ಅಷ್ಟೆ. ನೀರಿನಲ್ಲಿ ಮುಳುಗಿ ಕೆಲಸಮಾಡುವುದು ಇವರು ಕಲಿತ ವಿದ್ಯೆ. 1971ರಲ್ಲಿ ಭಾಗೀರಥಿಯ ದಂಡೆಯ ಪ್ಲಾಸಿಯಲ್ಲಿ ಬಾಂಗ್ಲಾ ತರುಣರಿಗೆ ಈ ವಿದ್ಯೆಯನ್ನು ಕಲಿಸಿದವರಲ್ಲಿ ಇವರೂ ಒಬ್ಬರು. ಹಡಗಿನ ಒಡಲಿಗೆ ಆಯಸ್ಕಾಂತದಿಂದ ಅಂಟಿಕೊಳ್ಳುವ ಸಿಡಿಮದ್ದನ್ನು ಎದೆಗೆ ಕಟ್ಟಿಕೊಂಡು, ಇರುಳಿನಲ್ಲಿ ಸದ್ದಿಲ್ಲದೆ ಈಜುವುದೇ ಆ ಶಿಕ್ಷಣ. ಆಗಸ್ಟ್ ತಿಂಗಳ ನಡುವಿನಲ್ಲಿ ಆ ತರುಣರು ಚಿತ್ತಗಾಂಗ್, ಮೊಂಗ್ಲಾ ಮೊದಲಾದ ರೇವುಗಳಲ್ಲಿ ನಿಂತಿದ್ದ ಹಡಗುಗಳನ್ನು ಮುಳುಗಿಸಿದರು.

ಡಿಸೆಂಬರ್ 10ರಂದು ‘ಪನ್ವೇಲ್’ ಎಂಬ ನಮ್ಮ ನೌಕೆಯೂ, ‘ಪದ್ಮಾ’, ‘ಪಲಾಶ್’ ಎಂಬ ಎರಡು ಫಿರಂಗಿ ದೋಣಿಗಳೂ ನದಿಯ ಮಾರ್ಗವಾಗಿ ಖುಲ್ನಾ ಪಟ್ಟಣವನ್ನು ಸಮೀಪಿಸಿದುವು. ಆಗ ದುರ್ದೈವವೊಂದು ಒದಗಿತು. ನಮ್ಮದೇ ವಾಯುಪಡೆಯ ವಿಮಾನಗಳು ಇವು ಶತ್ರುವಿನವೆಂದು ಭ್ರಮಿಸಿ ಎರಗಿದುವು. ಪದ್ಮಾ, ಪಲಾಶ್ ಎರಡೂ ಮುಳುಗಿದುವು. ಪಲಾಶ್ ದೋಣಿಯ ಯಂತ್ರಶಾಲೆಯ ರೂಹುಲ್ ಅಮೀನರು ಅಂದೇ ಮಡಿದರು. ಬಾಂಗ್ಲಾದೇಶವು ಅವರಿಗೆ ‘ಬೀರ ಶ್ರೇಷ್ಠ’ವೆಂಬ ತನ್ನ ಪರಮೋಚ್ಚ ಶೌರ್ಯಪದವಿಯನ್ನಿತ್ತಿತು.

ಚಿಮನ್ ಸಿಂಗರು ಗಾಯಗೊಂಡು ನೀರಿಗೆ ಎಸೆಯಲ್ಪಟ್ಟರು. ದಡದಲ್ಲಿ ಭದ್ರವಾಗಿ ಬೀಡುಬಿಟ್ಟಿದ್ದ ಶತ್ರುಗಳು ಈಜುತ್ತಿದ್ದವರ ಮೇಲೆ ಗುಂಡಿನ ಮಳೆಗರೆಯುತ್ತಿದ್ದರು. ಗಾಯಗಳಿಂದಾಗಿ ತೇಲಲಾರದೆ ಇದ್ದ ಸಂಗಡಿಗರನ್ನು ಇವರು ಕಂಡು, ತಮ್ಮ ನೋವನ್ನೆಣಿಸದೆ ಅವರನ್ನು ದಡಕ್ಕೆ ಸೇರಿಸಿದರು. ಆದರೆ ದಡವು ಆಶ್ರಯವಾಗಿರಲಿಲ್ಲ. ಅಲ್ಲಿ ಮೃತ್ಯುವೇ ಕಾದಿತ್ತು. ಆಗ ಇವರು ಶತ್ರುಗಳ ಕಡೆಗೇ ಓಡಿದರು. ಗುಂಡುಗಳೆಲ್ಲ ಇವರತ್ತ ತಿರುಗಿದುವು. ಆ ಅವಕಾಶದಲ್ಲಿ ಇಬ್ಬರು ಸಂಗಡಿಗರು ಸೆರೆಯಾಗದೆ ತಪ್ಪಿಸಿಕೊಂಡರು. ಹಲವು ಗುಂಡುಗಳು ತಗುಲಿದ ಇವರು ಸೆರೆಸಿಕ್ಕಿದರು. ಬಾಂಗ್ಲಾದೇಶವು ವಿಮೋಚನೆ ಹೊಂದಿದ ತರುವಾಯ ನಮ್ಮವರು ಇವರನ್ನು ಮರಳಿ ಪಡೆದು ಆಸ್ಪತ್ರೆಗೆ ಸೇರಿಸಿದರು.

ಸರ್ಕಾರವು ಇವರಿಗೆ ಮಹಾವೀರ ಚಕ್ರವನ್ನಿತ್ತಿತು. ಯುದ್ಧಶೌರ್ಯದ ಬಿರುದುಗಳಲ್ಲಿ ಪರಮವೀರ ಚಕ್ರದ ಅನಂತರದ ಸ್ಥಾನ ಇದರದು. ತಂಡದ ನಾಯಕರಾದ ಸಾಮಂತರಿಗೂ, ಪನ್ವೇಲಿನ ನರೋನ್ಹಾ ಅವರಿಗೂ ಇದೇ ಗೌರವವು ಸಂದಿತು. ಆದರೆ ಅವರು ಅಧಿಕಾರಿಗಳು. ಅಧಿಕಾರವಿಲ್ಲದ ನಾವಿಕರ ಪೈಕಿ ಇದನ್ನು ಪಡೆದವರು ಚಿಮನ್ ಸಿಂಗರೊಬ್ಬರೇ.

ನಾವಿಕನ ಬಲವು ಹಡಗಿನಲ್ಲಿದೆಯೆಂದು ಭಾವಿಸುವುದುಂಟು. ಇವರ ಕೈಯಲ್ಲಿ ಆ ಮಧ್ಯಾಹ್ನ ಹಡಗಿರಲಿಲ್ಲ, ಫಿರಂಗಿಯಿರಲಿಲ್ಲ. ಅನ್ಯಾಯವಾಯಿತೆಂದು ಹಳಿಯಲು ಕಾರಣವು ಮಾತ್ರ ಬೇಕಾದಷ್ಟಿತ್ತು. ಅದನ್ನು ಬದಿಗಿರಿಸಿ ಇವರು ಪಕ್ಕದವನ ಕೈ ಹಿಡಿದರು. ಇಷ್ಟನ್ನು ಕಲಿಯಲು ಕಡಲ ತೀರದಲ್ಲಿಯೇ ಹುಟ್ಟಬೇಕಾದುದಿಲ್ಲವೆಂದು ಕುಶನೂರಿನ ಬಾಲಕರಿಗೆ ನಾವು ಹೇಳಬಲ್ಲೆವು.