ಯುದ್ಧವಿಮಾನಕ್ಕೆ ಆಡಿಟರ್ ಯಾರು?

ಯಲಹಂಕದಲ್ಲಿ ಏರ್ ಶೋ ಇದ್ದಾಗ ನಮ್ಮ ಬೆನ್ಸನ್ ಟೌನ್‌ವರೆಗೂ ಯುದ್ಧವಿಮಾನಗಳ ಸದ್ದು ಕೇಳುತ್ತದೆ. ಎಲ್ಲರೂ ತಲೆ ಎತ್ತಿ ನೋಡುತ್ತೇವೆ. ಆ ವಿಮಾನ ಹಾರಲು ಯೋಗ್ಯ ಎಂದು ಸಹಿ ಹಾಕಿದವರು ಯಾರು ಎಂದು ಮಾತ್ರ ಯಾರೂ ಕೇಳುವುದಿಲ್ಲ. ನಾನೂ ಕೇಳಿರಲಿಲ್ಲ.

ನನ್ನ ಮಾಮೂಗೆ ಕೆ.ಆರ್. ಪುರದ ಕಡೆ ಒಂದು ಲೇತ್ ವರ್ಕ್‌ಶಾಪ್ ಇದೆ. ವಿಮಾನಕ್ಕೆ ಹೋಗುವ ಸಣ್ಣ ಬ್ರಾಕೆಟ್‌ಗಳನ್ನು ಒಂದು ಕಂಪನಿಗೆ ಮಾಡಿಕೊಡುತ್ತಾರೆ. ಕಳೆದ ವರ್ಷ ಇಡೀ ಒಂದು ಲಾಟ್ ವಾಪಸ್ ಬಂತು. ಅಳತೆ ಸರಿಯಾಗಿಯೇ ಇತ್ತು. ಅಲ್ಯೂಮಿನಿಯಂ ಪಟ್ಟಿಯ ಮೇಲಿನ ಬ್ಯಾಚ್ ನಂಬರ್‌ಗೂ ಟೆಸ್ಟ್ ಸರ್ಟಿಫಿಕೇಟಿನ ನಂಬರ್‌ಗೂ ತಾಳೆಯಾಗಲಿಲ್ಲ, ಅಷ್ಟೇ. ಮಾಮೂ ನಮ್ಮ ಮನೆಗೆ ಬಂದು ಅಮ್ಮಿಯ ಹತ್ತಿರ ತುಂಬಾ ಹೊತ್ತು ಗೊಣಗಿದರು. ಒಂದು ಕಾಗದಕ್ಕಾಗಿ ಇಷ್ಟು ನಷ್ಟವಾ ಎಂದು ನನಗೂ ಅನಿಸಿತು. ಆ ಕಾಗದ ಕೇಳುವವರು ಯಾರು ಎಂದು ಹುಡುಕಿದೆ.

ನಾವು ಟಿಕೆಟ್ ತೆಗೆದು ಹತ್ತುವ ವಿಮಾನಗಳ ಮೇಲ್ವಿಚಾರಣೆ ಡಿಜಿಸಿಎ ಎಂಬ ಸಂಸ್ಥೆಯದ್ದು. ಸೇನೆಯ ವಿಮಾನಗಳಿಗೆ ಆ ಕಾನೂನು ಅನ್ವಯಿಸುವುದಿಲ್ಲ. ಅವುಗಳ ವಿನ್ಯಾಸ ಪರಿಶೀಲಿಸಿ ಪ್ರಮಾಣಪತ್ರ ಕೊಡುವುದು ಸೆಮಿಲಾಕ್. 1995ರಲ್ಲಿ ಆರಂಭವಾದ ಇದರ ಕಚೇರಿ ದೂರದಲ್ಲೇನೂ ಇಲ್ಲ, ಮಾರತ್ತಹಳ್ಳಿಯಲ್ಲಿದೆ. ಕಾರ್ಖಾನೆಯಲ್ಲಿ ತಯಾರಾಗುವ ಭಾಗಗಳ ಗುಣಮಟ್ಟ ನೋಡುವುದು ಇನ್ನೊಂದು ಸಂಸ್ಥೆ, ಡಿಜಿಎಕ್ಯೂಎ. ಒಬ್ಬರು ನಕ್ಷೆಗೆ ಒಪ್ಪಿಗೆ ಕೊಡುತ್ತಾರೆ, ಇನ್ನೊಬ್ಬರು ವಸ್ತು ಆ ನಕ್ಷೆಯಂತೆಯೇ ಇದೆಯೇ ಎಂದು ನೋಡುತ್ತಾರೆ. ಇಬ್ಬರೂ ಪಾಲಿಸುವ ನಿಯಮಗಳು 2021ರಲ್ಲಿ ಹೊಸದಾಗಿ ಬಂದವು.

ಈ ಒಪ್ಪಿಗೆ ಬೇಗ ಸಿಗುವಂಥದ್ದಲ್ಲ. ತೇಜಸ್ ಮೊದಲ ಸಲ ಹಾರಿದ್ದು 2001ರ ಜನವರಿ 4ರಂದು. ಅಂತಿಮ ಅನುಮತಿ ಸಿಕ್ಕಿದ್ದು 2019ರ ಫೆಬ್ರವರಿ 20ರಂದು, ಯಲಹಂಕದ ಏರ್ ಶೋನಲ್ಲಿ. ಹದಿನೆಂಟು ವರ್ಷ! ನನ್ನ ವಯಸ್ಸಿಗಿಂತ ಒಂದು ವರ್ಷ ಜಾಸ್ತಿ.

ಅದೇ ತಿಂಗಳ 1ರಂದು ಎಚ್‌ಎಎಲ್ ವಿಮಾನ ನಿಲ್ದಾಣದಲ್ಲಿ, ಆಧುನೀಕರಣಗೊಂಡಿದ್ದ ಮಿರಾಜ್ 2000 ವಿಮಾನ ಪರೀಕ್ಷಾ ಹಾರಾಟದ ವೇಳೆ ಅಪಘಾತಕ್ಕೀಡಾಗಿ ಇಬ್ಬರು ಪೈಲಟ್‌ಗಳು ತೀರಿಕೊಂಡರು. 19ರಂದು ಯಲಹಂಕದಲ್ಲಿ ತಾಲೀಮು ನಡೆಯುವಾಗ ಸೂರ್ಯಕಿರಣ ತಂಡದ ಎರಡು ವಿಮಾನಗಳು ಡಿಕ್ಕಿಯಾಗಿ ಒಬ್ಬ ಪೈಲಟ್ ಪ್ರಾಣ ಕಳೆದುಕೊಂಡರು. ಮರುದಿನವೇ ತೇಜಸ್‌ನ ಪ್ರಮಾಣಪತ್ರ ಸಮಾರಂಭ.

ಇಂಥ ಅಪಘಾತವಾದರೆ ವಾಯುಪಡೆಯೇ ಕೋರ್ಟ್ ಆಫ್ ಎನ್‌ಕ್ವೈರಿ ನಡೆಸುತ್ತದೆ. ಅದರ ಪೂರ್ತಿ ವರದಿ ಸಾಮಾನ್ಯವಾಗಿ ಜನರ ಕೈಗೆ ಬರುವುದಿಲ್ಲ. 2009ರ ಮಾರ್ಚ್ 6ರಂದು ಬಿಡದಿ ಬಳಿ ಬಿದ್ದ ಸರಸ್ ವಿಮಾನದ ಕಥೆ ಬೇರೆ. ಅದರಲ್ಲಿದ್ದ ಮೂವರೂ ವಾಯುಪಡೆಯವರೇ, ಆದರೆ ವಿಮಾನ ನಾಗರಿಕ ನೋಂದಣಿಯದ್ದು. ಹಾಗಾಗಿ ತನಿಖೆ ಡಿಜಿಸಿಎಯದ್ದಾಯಿತು, ವರದಿಯೂ ಹೊರಬಂತು. ಎಂಜಿನನ್ನು ಆಕಾಶದಲ್ಲೇ ನಿಲ್ಲಿಸಿ ಮತ್ತೆ ಚಾಲೂ ಮಾಡಲು ಕೊಟ್ಟಿದ್ದ ವಿಧಾನವೇ ತಪ್ಪಾಗಿತ್ತು ಎಂದು ಯಾರು ಬೇಕಾದರೂ ಓದಿ ತಿಳಿಯಬಹುದು.

ಆಡಿಟಿಂಗ್ ಪಾಠದಲ್ಲಿ ನಮಗೆ ಹೇಳಿಕೊಡುವ ಮೊದಲ ವಿಷಯವೆಂದರೆ, ಕಂಪನಿಯ ನೌಕರ ಆ ಕಂಪನಿಯ ಆಡಿಟರ್ ಆಗುವಂತಿಲ್ಲ. ಸೆಮಿಲಾಕ್ ಇರುವುದು ಡಿಆರ್‌ಡಿಒ ಒಳಗೆ. ಕಾವೇರಿ ಎಂಜಿನ್‌ನಂಥವನ್ನು ವಿನ್ಯಾಸ ಮಾಡುವ ಪ್ರಯೋಗಾಲಯಗಳೂ ಡಿಆರ್‌ಡಿಒದವೇ. ಅಲ್ಲಿನ ಎಂಜಿನಿಯರ್‌ಗಳು ಪಕ್ಷಪಾತ ಮಾಡುತ್ತಾರೆ ಎಂದು ನಾನು ಹೇಳುತ್ತಿಲ್ಲ. ಹದಿನೆಂಟು ವರ್ಷ ಕಾಯಿಸಿದವರ ಬಗ್ಗೆ ಹಾಗೆ ಹೇಳುವುದೂ ಕಷ್ಟ. ಯುದ್ಧವಿಮಾನದ ಗುಟ್ಟುಗಳನ್ನು ಹೊರಗಿನವರಿಗೆ ತೋರಿಸಲಾಗದು ಎಂಬ ವಾದವೂ ಇದೆ. ಆದರೂ ಆಡಿಟರ್ ಬೇರೆ ಮನೆಯವನಾಗಿದ್ದರೆ ಒಳ್ಳೆಯದು ಅಂತ ನನಗನಿಸುತ್ತದೆ.

ಬ್ರಿಟನ್ನಿನಲ್ಲಿ ಇದು ದುಬಾರಿ ಪಾಠವಾಯಿತು. 2006ರಲ್ಲಿ ಅಫ್ಘಾನಿಸ್ತಾನದಲ್ಲಿ ನಿಮ್ರಾಡ್ ಎಂಬ ವಿಮಾನಕ್ಕೆ ಆಕಾಶದಲ್ಲೇ ಬೆಂಕಿ ಹತ್ತಿ 14 ಜನ ಸತ್ತರು. ಸುರಕ್ಷತೆಯ ಕಡತ ಸಿದ್ಧವಿತ್ತು, ಸಹಿಗಳೂ ಇದ್ದವು, ಪರಿಶೀಲನೆ ಮಾತ್ರ ಸರಿಯಾಗಿ ನಡೆದಿರಲಿಲ್ಲ. ಹ್ಯಾಡನ್-ಕೇವ್ ಎಂಬ ವಕೀಲರ ಕಟುವಾದ ವರದಿ 2009ರಲ್ಲಿ ಬಂದ ಮೇಲೆ, 2010ರಲ್ಲಿ ಸೇನಾ ವಿಮಾನಗಳಿಗೆಂದೇ ಸ್ವತಂತ್ರ ಪ್ರಾಧಿಕಾರ ಮಾಡಿದರು. ಅದೂ ರಕ್ಷಣಾ ಸಚಿವಾಲಯದ ಒಳಗೇ ಇದೆ, ಆದರೆ ವಿಮಾನ ಕೊಳ್ಳುವವರ, ಹಾರಿಸುವವರ ಮಾತು ಅಲ್ಲಿ ನಡೆಯುವುದಿಲ್ಲ.

ಮಾಮೂ ಈಗ ಪಟ್ಟಿ ಅಂಗಡಿಗೆ ಬಂದ ಕೂಡಲೇ ಅದರ ನಂಬರನ್ನು ರಿಜಿಸ್ಟರ್‌ನಲ್ಲಿ ಬರೆದಿಡುತ್ತಾರೆ. ಭಾನುವಾರ ನಾನು ಹೋದರೆ ಆ ಕೆಲಸ ನನ್ನದು. ಕಾಮರ್ಸ್ ಓದುತ್ತಿದ್ದೀಯಲ್ಲ, ತಾಳೆ ನೋಡು ಅಂತಾರೆ.