ಒತ್ತುವರಿ ತೆರವು: ಕರ್ತವ್ಯ ಯಾರದು, ಹೊಣೆ ಯಾರದು?



ಕಳೆದ ಮಳೆಗಾಲದಲ್ಲಿ ನಮ್ಮ ಸದಸ್ಯರೊಬ್ಬರ ಅಡಿಕೆ ತೋಟಕ್ಕೆ ನೀರು ನುಗ್ಗಿ ಎರಡು ವಾರ ನಿಂತಿತು. ಬಸಿಗಾಲುವೆ ಸರಿಯಾಗಿಯೇ ಇತ್ತು. ಆದರೆ ಕೆಳಗಿನ ಹಳ್ಳದ ಪಾತ್ರಕ್ಕೆ ಮಣ್ಣು ತುಂಬಿ, ಕಲ್ಲಿನ ಗೋಡೆ ಏರಿಸಿ, ಅದರ ಮೇಲೊಂದು ಮಳಿಗೆಯನ್ನು ಕಟ್ಟಲಾಗಿತ್ತು. ಪಂಚಾಯಿತಿಗೆ ಹೋದರೆ ಹಳ್ಳ ಕಂದಾಯ ಇಲಾಖೆಯದೆಂದರು. ತಾಲ್ಲೂಕು ಕಚೇರಿಗೆ ಹೋದರೆ ಕಟ್ಟಡ ಪಂಚಾಯಿತಿಯದೆಂದರು. ಈ ಅಲೆದಾಟದಲ್ಲಿ ಬೋರ್ಡೋ ದ್ರಾವಣದ ಎರಡನೇ ಸುತ್ತೇ ತಪ್ಪಿಹೋಯಿತು.

ಇಂತಹ ದೂರುಗಳು ನಮ್ಮ ಸಂಘದ ಕಚೇರಿಗೆ ಆಗಾಗ ಬರುತ್ತಿರುವುದರಿಂದ, ಯಾವ ಕೆಲಸ ಯಾರ ಕರ್ತವ್ಯವೆಂಬುದನ್ನು ಇಲ್ಲಿ ಸ್ಪಷ್ಟಪಡಿಸುವುದು ಉಚಿತವೆಂದು ಭಾವಿಸಿದ್ದೇವೆ.

ಮೊದಲನೆಯದಾಗಿ ಕಟ್ಟಡದ ಮಾತು. 1993ರ ಪಂಚಾಯತ್ ರಾಜ್ ಕಾಯ್ದೆಯ 64ನೇ ಪ್ರಕರಣದಂತೆ ಗ್ರಾಮ ಪಂಚಾಯಿತಿಯ ಲಿಖಿತ ಅನುಮತಿಯಿಲ್ಲದೆ ಯಾರೂ ಕಟ್ಟಡ ಕಟ್ಟುವಂತಿಲ್ಲ. ಅನುಮತಿ ಕೊಟ್ಟಿದೆಯೇ ಇಲ್ಲವೇ ಎಂದು ನೋಡಿ, ಇಲ್ಲದಿದ್ದಲ್ಲಿ ನೋಟಿಸು ಕೊಟ್ಟು ಕ್ರಮ ಕೈಗೊಳ್ಳುವುದು ಪಂಚಾಯಿತಿಯ ಕರ್ತವ್ಯ. ಊರೊಳಗಿನ ದಾರಿ, ಚರಂಡಿಗಳ ಮೇಲಿನ ಅಡೆತಡೆಯೂ ಅದರ ಹೊಣೆಯೇ.

ಎರಡನೆಯದು ನೆಲದ ಮಾತು. ಗೋಮಾಳ, ಹಳ್ಳ, ಬಂಡಿದಾರಿ ಮೊದಲಾದವು ಸರಕಾರಿ ಭೂಮಿ. ಸರ್ವೆ ದಾಖಲೆಯಲ್ಲಿ 'ಬಿ' ಖರಾಬು ಎಂದಿದ್ದರೆ ಅದು ಸಾರ್ವಜನಿಕ ಉಪಯೋಗಕ್ಕೆ ಬಿಟ್ಟದ್ದೆಂದು ತಿಳಿಯಬೇಕು. ಇಲ್ಲಿ 1964ರ ಭೂ ಕಂದಾಯ ಕಾಯ್ದೆಯ 94 ಮತ್ತು 104ನೇ ಪ್ರಕರಣಗಳಂತೆ ದಂಡ ವಿಧಿಸುವ, ಒಕ್ಕಲೆಬ್ಬಿಸುವ ಅಧಿಕಾರ ಕಂದಾಯ ಇಲಾಖೆಗಿದೆ. ಅರಣ್ಯ ಭೂಮಿಯಾದರೆ ಅರಣ್ಯ ಇಲಾಖೆಗೆ ಹೋಗಬೇಕು. ಇಬ್ಬರು ಹಿಡುವಳಿದಾರರ ನಡುವಿನ ಗಡಿ ತಂಟೆಯಾದರೆ ಹದ್ದುಬಸ್ತು ಅಳತೆಗೆ ಅರ್ಜಿ ಹಾಕಬೇಕು. ಅದರಲ್ಲೂ ಬಗೆಹರಿಯದಿದ್ದರೆ ಸಿವಿಲ್ ನ್ಯಾಯಾಲಯವೇ ಗತಿ.

ಆದುದರಿಂದ ಹಳ್ಳದ ಮೇಲೆ ಮಳಿಗೆ ಎದ್ದರೆ ಕರ್ತವ್ಯ ಇಬ್ಬರದೂ ಹೌದು. ಒಬ್ಬರು ಇನ್ನೊಬ್ಬರತ್ತ ಕೈ ತೋರಿಸುವುದಕ್ಕೆ ಆಸ್ಪದವಿಲ್ಲ.

ಸರ್ವೋಚ್ಚ ನ್ಯಾಯಾಲಯವು ಪಂಜಾಬಿನ ಹಳ್ಳಿಯೊಂದರ ಕೆರೆ ಒತ್ತುವರಿ ಪ್ರಕರಣದಲ್ಲಿ, 2011ರ ಜನವರಿ 28ರಂದು, ಗ್ರಾಮದ ಸಾಮೂಹಿಕ ಭೂಮಿಯ ಅಕ್ರಮ ಸ್ವಾಧೀನವನ್ನು ತೆರವುಗೊಳಿಸಲು ಯೋಜನೆ ರೂಪಿಸುವಂತೆ ಎಲ್ಲ ರಾಜ್ಯಗಳಿಗೂ ನಿರ್ದೇಶನ ನೀಡಿತು. ಬಹಳ ಕಾಲದಿಂದ ಸ್ವಾಧೀನದಲ್ಲಿದ್ದೇವೆ, ಕಟ್ಟಡಕ್ಕೆ ಹಣ ಸುರಿದಿದ್ದೇವೆ ಎಂಬುದು ಸಮರ್ಥನೆಯಾಗದೆಂದೂ ಹೇಳಿತು.

ಹಾಗೆಂದು ಅಧಿಕಾರಿಗಳು ಮನಸ್ಸಿಗೆ ಬಂದಂತೆ ಕೆಡವುವಂತಿಲ್ಲ. 2024ರ ನವೆಂಬರ್ 13ರ ತೀರ್ಪಿನಂತೆ ಕಟ್ಟಡ ಕೆಡವುವ ಮುನ್ನ ಕನಿಷ್ಠ 15 ದಿನಗಳ ನೋಟಿಸು ಕೊಟ್ಟು, ಅಹವಾಲು ಕೇಳಿ, ಕಾರಣಸಹಿತ ಆದೇಶ ಹೊರಡಿಸಬೇಕು. ರಸ್ತೆ, ಕಾಲುದಾರಿ, ನದಿ, ಜಲಾಶಯಗಳಂತಹ ಸಾರ್ವಜನಿಕ ಸ್ಥಳದ ಅನಧಿಕೃತ ಕಟ್ಟಡಗಳಿಗೆ ಈ ನಿರ್ದೇಶನಗಳು ಅನ್ವಯಿಸುವುದಿಲ್ಲ.

ಇನ್ನು ನಮ್ಮ ಬೆನ್ನನ್ನೂ ನಾವು ನೋಡಿಕೊಳ್ಳಬೇಕು. ತೋಟದ ಅಂಚಿನಲ್ಲಿ ಅಷ್ಟಿಷ್ಟು ಒತ್ತುವರಿಯಿಲ್ಲದ ಬೆಳೆಗಾರರು ನಮ್ಮಲ್ಲಿ ಎಷ್ಟು ಮಂದಿ? ನಮೂನೆ 50, 53, 57ರಲ್ಲಿ ಅರ್ಜಿ ಹಾಕಿದವರು ಅನೇಕರಿದ್ದಾರೆ. ಅರ್ಜಿಯ ಸ್ವೀಕೃತಿ ಚೀಟಿಯು ಹಕ್ಕುಪತ್ರವಲ್ಲ ಎಂಬುದನ್ನು ಅವರು ಮರೆಯಬಾರದು. ಅರಣ್ಯ ಭೂಮಿಯು ಈ ಯಾವ ನಮೂನೆಯಲ್ಲೂ ಸಕ್ರಮವಾಗುವುದಿಲ್ಲ. ಜೀವನೋಪಾಯಕ್ಕೆ ಎರಡು ಎಕರೆ ಕಾಫಿ ಹಾಕಿದವನನ್ನೂ ಹಳ್ಳ ಮುಚ್ಚಿ ಮಳಿಗೆ ಕಟ್ಟಿದವನನ್ನೂ ಒಂದೇ ತಕ್ಕಡಿಯಲ್ಲಿ ತೂಗಬಾರದೆಂಬುದು ನಮ್ಮ ಅಭಿಪ್ರಾಯ. ಆದರೆ ಹಾಗೆ ಕೇಳುವ ಬಾಯಿಗೆ ಬಲ ಬರಬೇಕಾದರೆ ದಾರಿ ಮತ್ತು ನೀರಿನ ಜಾಗವನ್ನು ನಾವು ಮೊದಲು ಬಿಟ್ಟುಕೊಡಬೇಕು.

ದೂರು ಕೊಡುವವರು ಈ ಕ್ರಮವನ್ನು ಅನುಸರಿಸಬಹುದು. ಗ್ರಾಮ ನಕಾಶೆ ಹಾಗೂ ಪಹಣಿಯ ನಕಲು ಪಡೆದು, ಸರ್ವೆ ನಂಬರು ಬರೆದು, ಒಂದೇ ಒಕ್ಕಣೆಯ ಅರ್ಜಿಯನ್ನು ಪಂಚಾಯಿತಿ ಅಭಿವೃದ್ಧಿ ಅಧಿಕಾರಿಗೂ ತಹಶೀಲ್ದಾರರಿಗೂ ಕೊಟ್ಟು ಸ್ವೀಕೃತಿ ಪಡೆಯಿರಿ. ಗ್ರಾಮಸಭೆಯಲ್ಲಿ ವಿಷಯವನ್ನೆತ್ತಿ ನಡಾವಳಿಯಲ್ಲಿ ದಾಖಲಿಸಿ. ಉತ್ತರ ಬಾರದಿದ್ದರೆ 2005ರ ಮಾಹಿತಿ ಹಕ್ಕು ಕಾಯ್ದೆಯಡಿ ಕೈಗೊಂಡ ಕ್ರಮದ ವಿವರ ಕೇಳಿರಿ. 30 ದಿನಗಳೊಳಗೆ ಉತ್ತರ ಕೊಡತಕ್ಕದ್ದು.

ಮೇಲೆ ಹೇಳಿದ ಸದಸ್ಯರೂ ಹೀಗೆಯೇ ಮಾಡಿದರು. ಭೂಮಾಪಕರು ಬಂದು ಅಳೆದು ಹಳ್ಳದ ಗಡಿಗೆ ಕಲ್ಲು ನೆಟ್ಟಿದ್ದಾರೆ. ತೆರವಿನ ಆದೇಶ ಇನ್ನೂ ಬರಬೇಕಾಗಿದೆ. ಅದೇ ಅಳತೆಯಲ್ಲಿ ಅವರದೇ ಬೇಲಿಯು ಬಂಡಿದಾರಿಯ ಮೇಲೆ ಮೂರು ಅಡಿ ಬಂದಿರುವುದು ತಿಳಿಯಿತು. ಆದೇಶಕ್ಕೆ ಕಾಯದೆ ಅವರು ಮರುದಿನವೇ ಆಳು ಕರೆದು ಬೇಲಿಯನ್ನು ಹಿಂದಕ್ಕೆ ಸರಿಸಿದರು. ಈಗ ಆ ದಾರಿಯಲ್ಲಿ ಕಾಫಿ ತುಂಬಿದ ಲಾರಿ ಸಲೀಸಾಗಿ ತಿರುಗುತ್ತದೆ.

ಅರ್ಜಿ ಬರೆಯಲು ನೆರವು ಬೇಕಾದ ಸದಸ್ಯರು ದಾಖಲೆಗಳೊಡನೆ ಸಂಘದ ಕಚೇರಿಗೆ ಬರಬೇಕಾಗಿ ಕೋರುತ್ತೇವೆ.

— ಕಾರ್ಯದರ್ಶಿ